ಎದ್ದು ನಗುವ ಶಾಟ್

ಅಭಿನಂದನಾ ಗ್ರಂಥದ ಸಮಿತಿಯವರು ಹುಣಸೂರಿನ ನಮ್ಮ ಮನೆಗೆ ಬಂದಿದ್ದರು. ಆ ಗ್ರಂಥ ಯಾರಿಗೋ ಆತ ಇನ್ನು ಮುಂದೆ ಸಿನಿಮಾ ಮಾಡುವುದಿಲ್ಲವಂತೆ. ಮೈಸೂರಿನಲ್ಲಿ ತರಬೇತಿ ಶಾಲೆ ತೆರೆದಿದ್ದಾನಂತೆ, ಒಬ್ಬರೇ ನಿಂತು ಇಡೀ ಸಿನಿಮಾ ಮಾಡುವುದು ಹೇಗೆಂದು ಎಳೆಯರಿಗೆ ಕಲಿಸುತ್ತಾನಂತೆ. ಆ ನೆಪದಲ್ಲಿ ಸನ್ಮಾನ, ಗ್ರಂಥ. "ನೀವು ಅವರನ್ನ ಮೊದ್ಲಿಂದ ನೋಡಿದೋರು ಸಾರ್, ಒಂದ್ನಾಲ್ಕು ಪುಟ ಬರ್ಕೊಡಿ" ಎಂದರು. ಗ್ರಂಥದ ಹೆಸರು ಆತನೇ ಇಟ್ಟದ್ದು, ಮುಖಪುಟ ಆತನೇ ಮಾಡಿದ್ದು, ಸಂಪಾದಕರ ಮಾತನ್ನೂ ಆತನೇ ಬರೆದು ಕೊಟ್ಟಿದ್ದಾನೆ ಎಂಬುದು ಕಾಫಿ ಮುಗಿಯುವುದರೊಳಗೆ ತಿಳಿಯಿತು. ಅವರಿಗೆ ಬೇಕಾದ ನಾಲ್ಕು ಪುಟ ನನ್ನಿಂದ ಆಗಲಿಲ್ಲ. ಆದದ್ದು ಇದು.

ಮೈಸೂರಿನ ಒಂದು ದಿನಪತ್ರಿಕೆಗೆ ನಾನು ಹುಣಸೂರು, ಪಿರಿಯಾಪಟ್ಟಣ, ಕೆ.ಆರ್. ನಗರ, ಎಚ್.ಡಿ. ಕೋಟೆ ನಾಲ್ಕು ತಾಲ್ಲೂಕುಗಳ ಸುದ್ದಿ ಕಳಿಸುತ್ತಿದ್ದೆ. ಆತನ ಊರು ಚುಂಚನಕಟ್ಟೆಯ ಹತ್ತಿರ. ಕಟ್ಟೆಯ ನೀರು ಹರಿಯುವ ಗದ್ದೆ, ತಂದೆಗೆ ಭತ್ತದ ಬೇಸಾಯ. ಮಗನಿಗೆ ಗದ್ದೆಯಲ್ಲಿ ಕಂಡದ್ದು ಬೆಳಕು. ನಾಟಿ ಹಾಕುವ ಹೆಂಗಸರು ಸಾಲಾಗಿ ಬಗ್ಗಿದರೆ, ಮೋಡ ಸರಿಯುವವರೆಗೂ ಫೋಟೊಗಾಗಿ ಅವರನ್ನು ಹಾಗೇ ಬಗ್ಗಿಸಿ ನಿಲ್ಲಿಸುತ್ತಿದ್ದನೆಂದು ಆತನ ಊರಿನವರು ಈಗಲೂ ಹೇಳುತ್ತಾರೆ. ಆಮೇಲೆ ಹುಣಸೂರು ಬಸ್ ನಿಲ್ದಾಣದ ಹಿಂದೆ ಒಂದು ಸ್ಟುಡಿಯೊ ತೆರೆದ. ಮದುವೆ, ನಾಮಕರಣ, ಗೃಹಪ್ರವೇಶ, ತಿಥಿ ಎಲ್ಲವಕ್ಕೂ ವಿಡಿಯೊ ತೆಗೆಯುತ್ತಿದ್ದ.

ಮೊದಲ ಸಲ ನನ್ನನ್ನು ಕಾಣಲು ಬಂದಾಗ ಕೈಯಲ್ಲಿ ಎರಡು ಹಾಳೆಗಳಿದ್ದವು. ಒಂದು, ಸಿನಿಮಾ ಶುರುವಾಗುವ ಸುದ್ದಿ. ಎರಡನೆಯದನ್ನು ಕೊಡುವಾಗ ಸ್ವಲ್ಪ ತಲೆ ತಗ್ಗಿಸಿ ನಕ್ಕ.

"ವಿಮರ್ಶೆನೂ ಬರ್ದಿದೀನಿ ಸಾರ್. ನಿಮಗ್ಯಾಕೆ ತೊಂದ್ರೆ ಅಂತ."

"ಸಿನಿಮಾನೇ ಇನ್ನೂ ಆಗಿಲ್ವಲ್ಲಯ್ಯ."

"ಆಗ್ತದಲ್ಲ ಸಾರ್. ವಿಮರ್ಶೆಗೆ ತಕ್ಕಂಗೆ ತೆಗೀತೀನಿ."

ತಮಾಷೆ ಎಂದುಕೊಂಡೆ. ತಮಾಷೆಯಾಗಿರಲಿಲ್ಲ.

ಕಥೆ, ಚಿತ್ರಕಥೆ, ಸಂಭಾಷಣೆ, ಹಾಡು, ಸಂಗೀತ, ಛಾಯಾಗ್ರಹಣ, ಸಂಕಲನ, ನಿರ್ಮಾಣ, ನಿರ್ದೇಶನ. ಪರದೆಯ ಮೇಲೆ ಒಂದೊಂದಕ್ಕೂ ಬೇರೆ ಬೇರೆಯಾಗಿ ಆತನ ಹೆಸರು ಬರುತ್ತಿತ್ತು. ಒಟ್ಟಿಗೆ ಹಾಕಿದರೆ ಬೇಗ ಮುಗಿಯುತ್ತದಲ್ಲ ಎಂದು ಯಾರೋ ಕೇಳಿದ್ದಕ್ಕೆ, "ಒಬ್ಬೊಬ್ರಿಗೂ ಅವ್ರವ್ರ ಮರ್ಯಾದೆ ಕೊಡ್ಬೇಕಲ್ವಾ" ಎಂದಿದ್ದ. ಹೀಗೆ ತನ್ನನ್ನೇ ಹಲವರಾಗಿ ಹಂಚಿಕೊಂಡು ಮಾತಾಡುವುದು ಆತನಿಗೆ ರೂಢಿ. "ಡೈರೆಕ್ಟರ್ ಒಪ್ಪಿದಾರೆ ಸಾರ್, ಎಡಿಟರ್ ಒಪ್ತಿಲ್ಲ" ಎನ್ನುತ್ತಿದ್ದ. ಸ್ಟುಡಿಯೊ ಎದುರಿನ ಟೀ ಅಂಗಡಿಯವನು ಗಾಜಿನ ಲೋಟ ಹಿಡಿದು ಕೇಳುತ್ತಿದ್ದ: "ಯಾರ್ಗಣ್ಣ ಟೀ? ಡೈರೆಕ್ಟ್ರಿಗೋ, ಎಡಿಟ್ರಿಗೋ?"

"ಪ್ರೊಡ್ಯೂಸರ್‌ಗೆ ಕೊಡು. ಮಿಕ್ಕೋರು ಅವನ ಲೋಟದಲ್ಲೇ ಕುಡೀತಾರೆ."

ನಾವೆಲ್ಲ ನಗುತ್ತಿದ್ದೆವು. ಮೊದಮೊದಲು ಕೈಯಲ್ಲಿ ಏನೂ ಇಲ್ಲದ್ದರಿಂದ ಎಲ್ಲ ಕೆಲಸವನ್ನೂ ತಾನೇ ಮಾಡುತ್ತಿದ್ದ. ಸ್ಕೂಟರಿನ ಮುಂದೆ ಟ್ರೈಪಾಡ್, ಹಿಂದೆ ಲೈಟು, ಹೆಗಲಿಗೆ ಕ್ಯಾಮೆರಾ; ಬೆಟ್ಟದಪುರದ ಏರು ರಸ್ತೆಯಲ್ಲಿ ಬೆವರು ಸುರಿಸಿಕೊಂಡು ಹೋಗುವುದನ್ನು ನಾನು ಕಂಡಿದ್ದೇನೆ. ಮೆಚ್ಚುವಂಥ ದುಡಿಮೆ ಅದು. ಆದರೆ ಮುಂದೆ ಹೆಸರು ಬಂದು, ಕೆಲಸ ಕಲಿಯಲು ಜನ ತಾವಾಗಿ ಬರತೊಡಗಿದ ಮೇಲೂ ಯಾರನ್ನೂ ಸೇರಿಸಲಿಲ್ಲ. ಮೈಸೂರಿನ ಒಬ್ಬ ಒಳ್ಳೆಯ ಕ್ಯಾಮೆರಾಮನ್ ಬಿಟ್ಟಿಯಾಗಿ ದುಡಿಯುತ್ತೇನೆಂದು ಬಂದಿದ್ದ. ವಾರ ಕಳೆಯುವ ಮುನ್ನ ಅವನನ್ನು ಬಸ್ ಹತ್ತಿಸಿ ಬಂದ. ಯಾಕೆಂದು ಕೇಳಿದೆ.

"ಪ್ರಶ್ನೆ ಕೇಳ್ತಾನೆ ಸಾರ್" ಎಂದ.

ಕೆ.ಆರ್. ನಗರದ ಒಂದು ಸಾವಿನ ಮನೆಯಲ್ಲಿ ಆತನನ್ನು ನೋಡಿದ್ದು ನೆನಪಿದೆ. ತೀರಿಕೊಂಡವರು ಊರಿಗೆ ಬೇಕಾದವರು, ನಾನು ವರದಿಗೆ ಹೋಗಿದ್ದೆ, ಆತ ಮನೆಯವರು ಕರೆಸಿದ್ದರಿಂದ ವಿಡಿಯೊ ತೆಗೆಯುತ್ತಿದ್ದ. ದೂರದೂರಿನಿಂದ ತಂಗಿ ಬಂದಳು. ಗೇಟಿನಿಂದಲೇ ಅಣ್ಣಾ ಎಂದು ಕೂಗಿಕೊಂಡು ಓಡಿ ಬಂದು ಅಣ್ಣನ ಕಾಲ ಮೇಲೆ ಬಿದ್ದಳು. ಆತ ಕ್ಯಾಮೆರಾ ಇಳಿಸಿ, ಅವಳ ಭುಜ ಮುಟ್ಟಿ, ಬಹಳ ಮೆತ್ತಗೆ ಹೇಳಿದ: "ಅಕ್ಕಾ, ಬೆಳಕು ನಿಮ್ಮ ಹಿಂದಿತ್ತು. ಮುಖ ಕಪ್ಪಾಯ್ತು. ಇನ್ನೊಂದ್ಸಲ ಗೇಟಿಂದ ಬನ್ನಿ, ಸ್ವಲ್ಪ ಎಡಕ್ಕೆ." ಯಾರಾದರೂ ಬೈಯುತ್ತಾರೆಂದು ಕಾದೆ. ಯಾರೂ ಬೈಯಲಿಲ್ಲ. ಆ ಹೆಂಗಸು ಎದ್ದು, ಸೆರಗಿನಿಂದ ಮೂಗೊರೆಸಿಕೊಂಡು, ಗೇಟಿನ ತನಕ ಹೋಗಿ, ಮತ್ತೆ ಅಣ್ಣಾ ಎಂದು ಕೂಗುತ್ತ ಎಡಕ್ಕೆ ಸರಿದು ಓಡಿ ಬಂದಳು. ಆ ದಿನ ನನಗೆ ಹೇಸಿಗೆಯಾದದ್ದು ಆತ ಕೇಳಿದ್ದಕ್ಕಿಂತ ಹೆಚ್ಚಾಗಿ, ಆತನ ದನಿಯಲ್ಲಿದ್ದ ಮೆದುವಿಗೆ. ಒರಟಾಗಿ ಹೇಳಿದ್ದರೆ ಅವಳು ಹೋಗುತ್ತಿರಲಿಲ್ಲ.

ಎಚ್.ಡಿ. ಕೋಟೆ ಬಸ್ ನಿಲ್ದಾಣದಲ್ಲಿ ಇನ್ನೊಮ್ಮೆ. ಸಂಜೆಯ ಕೆಂಪು ಬೆಳಕಿನಲ್ಲಿ ಬಸ್ಸು ಹೊರಡುವ ದೃಶ್ಯ ಬೇಕಿತ್ತು. ಮೈಸೂರಿಗೆ ಹೊರಟಿದ್ದ ಬಸ್ಸಿನ ಡ್ರೈವರನಿಗೆ ಮೇಲಿನವರ ಅಪ್ಪಣೆಯಾಗಿದೆ ಎಂದು ಸುಳ್ಳು ಹೇಳಿ ನಿಲ್ಲಿಸಿಕೊಂಡ. ಒಳಗಿದ್ದವರಿಗೆ, "ನೀವೆಲ್ಲ ಸಿನಿಮಾದಲ್ಲಿ ಬತ್ತೀರಿ" ಎಂದ. ಅರ್ಧ ಜನ ಬಾಚಣಿಗೆ ತೆಗೆದರು. ಡಯಾಲಿಸಿಸ್‌ಗೆ ಹೋಗಬೇಕಿದ್ದ ಒಬ್ಬ ಮುದುಕರು ಮಾತ್ರ ಕಿಟಕಿಯಿಂದ ತಲೆ ಹೊರಗೆ ಹಾಕಿ, "ಲೇ, ನಿನ್ ಸಿನ್ಮಾ ಆಳಾಗೋಗ, ಬುಡ್ಲಾ ಬಸ್ನ, ನಾನ್ ಸಾಯ್ತೀನಿ ಇಲ್ಲಿ" ಎಂದು ಬೈದರು. ಆತ ಕ್ಯಾಮೆರಾವನ್ನು ಅವರತ್ತ ತಿರುಗಿಸಿದ. ಆ ಮುಖ ಮುಂದೆ ಸಿನಿಮಾದಲ್ಲಿ ಬಂತು: ಜಮೀನ್ದಾರನ ಮೇಲೆ ಸಿಟ್ಟಾದ ಬಡ ರೈತನಾಗಿ. "ಅಂಥಾ ಮುಖ ಯಾವ ನಟನಿಂದ್ಲೂ ಸಿಗಲ್ಲ ಸಾರ್" ಎಂದು ನನಗೆ ತೋರಿಸಿ ಹೆಮ್ಮೆಪಟ್ಟ. ಮುಖ ನಿಜಕ್ಕೂ ಚೆನ್ನಾಗಿತ್ತು. ಆತನ ವಿಷಯದಲ್ಲಿ ಇದೊಂದು ಕಷ್ಟ. ತೆಗೆದದ್ದು ಚೆನ್ನಾಗಿಯೇ ಇರುತ್ತಿತ್ತು.

ಎಲ್ಲವೂ ಅಲ್ಲ, ಅದನ್ನೂ ಹೇಳಬೇಕು. ಮೊದಲ ಸಿನಿಮಾದಲ್ಲಿ ಪಂಚಾಯ್ತಿ ಕಟ್ಟೆಯ ಮುದುಕರಿಗೆಲ್ಲ ಆತನೇ ದನಿ ಕೊಟ್ಟಿದ್ದ. ಕೆ.ಆರ್. ನಗರದಲ್ಲಿ ನನ್ನ ಹಿಂದೆ ಕೂತವನೊಬ್ಬ, "ಏನ್ಲಾ ಇದು, ಕಟ್ಟೆ ಮ್ಯಾಲಿರೋರೆಲ್ಲ ಒಬ್ಬವ್ವನ್ ಮಕ್ಳಂಗೆ ಮಾತಾಡ್ತಾವ್ರೆ" ಎಂದ. ಆತನ ಕಿವಿಗೂ ಅದು ಬಿತ್ತು. ಬೇಸರವಾಗಲಿಲ್ಲ. "ಊರೊಗ್ಗಟ್ಟು ಅಂತ ತಿಳ್ಕೊಳ್ಳಿ" ಎಂದ.

ಆತನಿಗೆ ಎಲ್ಲಕ್ಕಿಂತ ಹೆಚ್ಚು ಹೆಸರು ತಂದ ಸಿನಿಮಾ ಬೆಟ್ಟದಪುರದ ಬಳಿಯ ಒಂದು ಹಳ್ಳಿಯಲ್ಲಿ ತೆಗೆದದ್ದು. ಹೊಗೆಸೊಪ್ಪು ಬೆಳೆಯುವ ಊರು. ಬೋರೇಗೌಡರು ಎಂಬ ರೈತರ ಹೊಲದಲ್ಲಿ, ಸೊಪ್ಪು ಬೇಯಿಸುವ ಬ್ಯಾರನ್ ಮುಂದೆ ಕೆಲಸ ನಡೆಯುತ್ತಿತ್ತು. ಗೌಡರು ಊರ ನಾಟಕಗಳಲ್ಲಿ ರಾಜನ ಪಾತ್ರ ಕಟ್ಟುತ್ತಿದ್ದವರು. ಎತ್ತರದ ಆಳು, ಮಂಡಿ ನೋವು, ಬಾಯಿ ತುಂಬ ನಗು. ಅವರ ಹೆಂಡತಿ ಜಯಮ್ಮ ಕ್ಯಾಮೆರಾದ ಹತ್ತಿರವೂ ಸುಳಿಯುತ್ತಿರಲಿಲ್ಲ. ಎಲ್ಲರಿಗೂ ಮುದ್ದೆ ಸಾರು ಮಾಡಿ ಬಡಿಸಿ ಬಾಗಿಲಲ್ಲಿ ನಿಂತು ನೋಡುವರು. ಚಿತ್ರೀಕರಣದ ಬಗ್ಗೆ ಬರೆಯಲು ನಾನು ಹೋದ ದಿನ, ಕಥೆಯಲ್ಲಿನ ತಂದೆಯ ಹೆಣದ ದೃಶ್ಯ ತೆಗೆಯಬೇಕಿತ್ತು. ಹೆಣವಾಗಬೇಕಿದ್ದ ಮೈಸೂರಿನ ನಟ ಬರಲಿಲ್ಲ. ಚಪ್ಪರ ಹಾಕಿ ಆಗಿತ್ತು, ಊದುಬತ್ತಿ ಹಚ್ಚಿ ಆಗಿತ್ತು, ಬೆಳಕು ಇಳಿಯುತ್ತಿತ್ತು.

ಆತ ಗೌಡರ ಕೈ ಹಿಡಿದುಕೊಂಡ. "ಅಣ್ಣ, ನೀವೇ ಮಲಕ್ಕೊಬೇಕು."

"ಎಣ ಆಗಾಕೆ ಏನ್ ಕಲೀಬೇಕ್ಲಾ?" ಎಂದರು ಗೌಡರು. "ಮಾತಿಲ್ಲ ಕತೆ ಇಲ್ಲ. ರಾಜನ್ ಪಾಲ್ಟಿಗಿಂತ ಸಲೀಸು."

ಜಯಮ್ಮ ಬಾಗಿಲಿನಿಂದ ಇಳಿದು ಬಂದರು. ಅವರು ಕ್ಯಾಮೆರಾ ಹತ್ತಿರ ಬಂದದ್ದು ಅದೇ ಮೊದಲು. "ಬ್ಯಾಡ ಕಣಪ್ಪ. ಬದುಕಿರೋರ್ನ ಅಂಗೆಲ್ಲ ಮಲಗಿಸ್ಬಾರ್ದು. ಬೇರೆ ಯಾರ್ನಾರ ನೋಡು."

ಗೌಡರು ಹೆಂಡತಿಯನ್ನು ಛೇಡಿಸಿದರು. "ನಾಟ್ಕದಲ್ಲಿ ಎಷ್ಟ್ ಸಲ ಸತ್ತಿವ್ನಿ, ಆಗೆಲ್ಲ ನೀನೇ ಮುಂದೆ ಕುಂತ್ಕೊಂಡ್ ಕಡ್ಲೆಕಾಯ್ ತಿಂತಿದ್ದೆ."

"ನಾಟ್ಕದಲ್ಲಿ ಪರದೆ ಬಿದ್ಮ್ಯಾಲೆ ಎದ್ದು ಬತ್ತಿದ್ರಿ. ಇದು ಅಂಗಲ್ಲ. ಇದು ಅಂಗೇ ಉಳೀತದೆ."

ಅವರ ಮಾತಿನಲ್ಲಿ ತೂಕವಿತ್ತು. ಆತನಿಗೂ ಅದು ತಿಳಿಯಿತು. ಆಗ ಸಿನಿಮಾದವರ ಒಂದು ಪದ್ಧತಿಯನ್ನು ಎತ್ತಿದ. ಸಾವಿನ ಪಾತ್ರ ಮಾಡಿದವರನ್ನು ಶಾಟ್ ಮುಗಿದ ಕೂಡಲೇ ಎಬ್ಬಿಸಿ ಕೂರಿಸಿ, ಕ್ಯಾಮೆರಾ ನೋಡಿಕೊಂಡು ನಗಲು ಹೇಳುತ್ತಾರೆ. ಆ ನಗುವನ್ನೂ ಚಿತ್ರೀಕರಿಸುತ್ತಾರೆ. ಸಿನಿಮಾದಲ್ಲಿ ಅದು ಬರುವುದಿಲ್ಲ, ಆದರೆ ದೋಷ ಕಳೆಯುತ್ತದೆ ಎಂಬುದು ಆ ಕಸುಬಿನವರ ನಂಬಿಕೆ. "ಕ್ಯಾಮೆರಾ ಮುಂದೆ ಸತ್ತೋರು ಕ್ಯಾಮೆರಾ ಮುಂದೆನೇ ಏಳ್ಬೇಕಮ್ಮ. ಎಂಥೆಂಥ ದೊಡ್ಡ ಹೀರೋಗಳೂ ಎದ್ದು ನಕ್ಕೇ ಮನೆಗೆ ಹೋಗೋದು. ಅಣ್ಣಂದೂ ತೆಗೀತೀನಿ. ನನ್ನ ತಾಯಾಣೆ."

ಆ ಮಾತಿನ ಮೇಲೆ ಜಯಮ್ಮ ಒಪ್ಪಿದರು. ಬೇರೆ ಯಾವ ಮಾತಿನ ಮೇಲೂ ಅಲ್ಲ. ಇದನ್ನು ನಾನು ಅಲ್ಲೇ ನಿಂತು ಕೇಳಿದ್ದೇನೆ.

ಗೌಡರು ಚಾಪೆಯ ಮೇಲೆ ಮಲಗಿದರು. ಮೂಗಿಗೆ ಹತ್ತಿ ಇಟ್ಟರು, ಚೆಂಡುಹೂವಿನ ಹಾರ ಹಾಕಿದರು. ಆತ ಕ್ಯಾಮೆರಾ ಹಿಂದೆ ನಿಂತು ಉಸಿರು ಬಿಗಿಹಿಡಿದು ತೆಗೆದ. ಮುಗಿದ ಮೇಲೆ, "ಈಗ ಎದ್ದು ನಗಿ ಅಣ್ಣ" ಎಂದ. ಗೌಡರು ಮಂಡಿ ಹಿಡಿದು ಎದ್ದು ಕೂತರು. ಮೂಗಿನ ಹತ್ತಿಯ ಸಮೇತ ಕ್ಯಾಮೆರಾ ಕಡೆ ತಿರುಗಿ, "ಯಾವನ್ಲಾ ನನ್ನ ಊಳೋನು, ಮೊದ್ಲು ಕಾಪಿ ತಕ್ಕಬಾ" ಎಂದು ನಕ್ಕರು. ಚಪ್ಪರವೆಲ್ಲ ನಕ್ಕಿತು. "ಓಕೆ, ಸೂಪರ್" ಎಂದು ಕ್ಯಾಮೆರಾ ಹಿಂದಿನಿಂದ ದನಿ ಬಂತು. ಜಯಮ್ಮ ಉಪ್ಪು ಮೆಣಸಿನಕಾಯಿ ನಿವಾಳಿಸಿ ಬ್ಯಾರನ್ನಿನ ಒಲೆಗೆ ಹಾಕಿದರು.

ಮುಂದಿನ ಬೆಳೆ ಬರುವ ಮೊದಲೇ ಗೌಡರು ತೀರಿಕೊಂಡರು. ಹೊಲದಲ್ಲಿ ಎದೆ ಹಿಡಿದುಕೊಂಡು ಕೂತವರನ್ನು ಹುಣಸೂರಿಗೆ ತರುವ ದಾರಿಯಲ್ಲೇ ಜೀವ ಹೋಗಿತ್ತು.

ಆ ಮಧ್ಯಾಹ್ನ ಆತ ನನಗೆ ಫೋನ್ ಮಾಡಿದ. ದುಃಖದ ದನಿಯೇ. ಎರಡು ಮಾತು ಮರುಗಿ, ಮೂರನೆಯದರಲ್ಲಿ, "ಸಾರ್, ನಿಮ್ಮ ಪೇಪರ್‌ಗೆ ಇದೊಂದು ಬಾಕ್ಸ್ ಐಟಂ ಆಗ್ತದೆ. 'ಅಭಿನಯಿಸಿದ ಸಾವು ನಿಜವಾಯಿತು'. ಹೆಡ್ಡಿಂಗೂ ಹಾಕಿದೀನಿ" ಎಂದ. ನಾನು ಕಳಿಸಲಿಲ್ಲ. ಆತ ತಾನೇ ಮೊಬೈಲುಗಳಿಗೆ ಹರಿಯಬಿಟ್ಟ. ಚಾಪೆಯ ಮೇಲೆ ಹಾರ ಹಾಕಿಕೊಂಡು ಮಲಗಿದ ಗೌಡರ ಚಿತ್ರ, ಕೆಳಗೆ ಆ ಸಾಲು, ಅದರ ಕೆಳಗೆ ಸಿನಿಮಾದ ಹೆಸರು. ನಿಜವಾದ ಹೆಣ ಇನ್ನೂ ಮನೆಯಲ್ಲಿದ್ದಾಗಲೇ ಸುಳ್ಳು ಹೆಣ ನಾಲ್ಕು ತಾಲ್ಲೂಕು ಸುತ್ತಿತು. ಕ್ಯಾಮೆರಾ ಹೆಗಲಿಗೆ ಹಾಕಿಕೊಂಡು ಮನೆಗೂ ಹೋಗಿದ್ದನಂತೆ. ಗೌಡರ ಅಣ್ಣ ತಮ್ಮಂದಿರು ಒಳಗೆ ಬಿಡಲಿಲ್ಲ.

ಜಯಮ್ಮನ ಪಾಲಿಗೆ ಬಂದದ್ದು ಬೇರೆ. ಹಾಲುತುಪ್ಪದ ದಿನವೇ ಯಾರೋ ಅಂದರಂತೆ: ಗಂಡನನ್ನ ಬದುಕಿದ್ದಾಗಲೇ ಮಲಗಿಸಿ ಹಾರ ಹಾಕೋಕೆ ಬಿಟ್ಟವಳು ಇವಳು. ಅಂದವರು ಒಬ್ಬರು, ಆಡಿಕೊಂಡವರು ಊರೆಲ್ಲ. "ಎದ್ದು ನಕ್ಕವ್ರೆ ಕಣ್ರವ್ವ, ಅದನ್ನೂ ಇಡ್ಕಂಡವ್ರೆ ಕ್ಯಾಮೆರಾದಲ್ಲಿ" ಎಂದು ಜಯಮ್ಮ ಹೇಳಿದರೆ, "ಎಲ್ಲವ್ವ, ತೋರ್ಸು ನೋಡಾನ" ಎನ್ನುವರು. ಅವರ ಮನಸ್ಸಿನೊಳಗೂ ಅದೇ ಪ್ರಶ್ನೆ ಕೊರೆಯುತ್ತಿತ್ತು. ಗಂಡನ ಫೋಟೊಗಳೆಲ್ಲ ಆಧಾರ್ ಕಾರ್ಡಿನ ಮುಖದವು. ನಗುವ ಗೌಡರು ಇದ್ದದ್ದು ಆ ಒಂದು ಶಾಟಿನಲ್ಲಿ.

ಮಗಳು ಸವಿತಾಳನ್ನು ಜೊತೆಗೆ ಕರೆದುಕೊಂಡು ಅವರು ಹುಣಸೂರಿನ ಸ್ಟುಡಿಯೊಗೆ ಮೇಲಿಂದ ಮೇಲೆ ಬರುತ್ತಿದ್ದರು. ಒಮ್ಮೆ ನಾನೂ ಅಲ್ಲಿದ್ದೆ. ಆತ ಎದ್ದು ನಿಂತು, ಕುರ್ಚಿ ಒರೆಸಿ ಕೂರಿಸಿ, ಎಳನೀರು ತರಿಸಿದ.

"ಡೈರೆಕ್ಟರ್ ಆಗಿ ನಾನು ಯಾವತ್ತೋ ಕೊಟ್ಟಾಯ್ತು ಅಂತಲೇ ತಿಳ್ಕೊಳ್ಳಿ ಅಮ್ಮ. ಎಡಿಟರ್ ಇನ್ನೂ ಹುಡುಕ್ತಾವ್ರೆ."

"ಎಡಿಟ್ರು ಅಂದ್ರೆ ಯಾರಪ್ಪ? ಅವ್ರ್ನೇ ಕೇಳ್ತೀನಿ, ಎಲ್ಲವ್ರೆ?"

ಟೀ ಅಂಗಡಿಯವನು ಲೋಟ ಇಡಲು ಬಂದವನು ಬೇರೆ ಕಡೆ ನೋಡಿದ. ನಾವು ವರ್ಷಗಟ್ಟಲೆ ನಕ್ಕ ಮಾತು ಅದೇ. ಆ ದಿನ ಯಾರಿಗೂ ನಗು ಬರಲಿಲ್ಲ. ಸವಿತಾ, "ಅವ್ವ, ಎಡಿಟ್ರೂ ಇವ್ರೇ ಕಣೆ" ಎಂದಳು. ಆತ ಹಾರ್ಡ್ ಡಿಸ್ಕ್ ಮೈಸೂರಿನಲ್ಲಿದೆ ಎಂದ, ಸಿನಿಮಾ ತೋರಿಸುವ ದಿನ ಖಂಡಿತ ಎಂದ. ಅವರು ಎಳನೀರು ಮುಟ್ಟದೆ ಹೋದರು. ಆತ ಆ ಎಳನೀರನ್ನು ತಾನೇ ಕುಡಿದ.

ಸಿನಿಮಾ ತೋರಿಸಿದ್ದು ಪಿರಿಯಾಪಟ್ಟಣದ ಒಂದು ಕಲ್ಯಾಣ ಮಂಟಪದಲ್ಲಿ, ಒಂದು ಮಧ್ಯಾಹ್ನ. ಕಿಟಕಿಗಳಿಗೆ ಟಾರ್ಪಾಲು ಕಟ್ಟಿ ಕತ್ತಲು ಮಾಡಿದ್ದರು. ಬೋರೇಗೌಡರ ಊರಿನಿಂದ ಟ್ರ್ಯಾಕ್ಟರುಗಳಲ್ಲಿ ಜನ ಬಂದಿದ್ದರು. ಸಿನಿಮಾ ಚೆನ್ನಾಗಿತ್ತು, ಅದನ್ನು ಬರೆಯದಿದ್ದರೆ ತಪ್ಪಾಗುತ್ತದೆ. ಬ್ಯಾರನ್ನಿನ ಒಲೆಯ ಬೆಂಕಿ, ಸೊಪ್ಪು ಹೆಣೆಯುವ ಕೈಗಳು, ಎಲ್ಲೂ ಕೃತಕವೆನಿಸಲಿಲ್ಲ. ಹೆಣದ ದೃಶ್ಯ ಬಂದಾಗ ಮಂಟಪದಲ್ಲಿ ಮೂಗು ಎಳೆಯುವ ಸದ್ದು ಬಿಟ್ಟರೆ ಬೇರೆ ಇರಲಿಲ್ಲ. ಜಯಮ್ಮ ಸೆರಗಿನಲ್ಲಿ ಮುಖ ಮುಚ್ಚಿಕೊಂಡಿದ್ದರು.

ಮುಗಿದು, ಹೆಸರುಗಳೆಲ್ಲ ಬಂದು ಹೋದ ಮೇಲೆ, ಪರದೆ ಮತ್ತೆ ಬೆಳಗಿತು. ಚಾಪೆಯ ಮೇಲೆ ಗೌಡರು ಮಲಗಿದ್ದಾರೆ. ಕಣ್ಣು ತೆರೆದರು. ನಿಧಾನವಾಗಿ ಮೇಲೆದ್ದರು. ನಕ್ಕರು. ಅವರ ನಗುವಿನ ಸದ್ದು ಇಡೀ ಮಂಟಪ ತುಂಬಿತು, ಹಿಂದಿನಿಂದ ಕೊಳಲು. ಜನ ಎದ್ದು ನಿಂತು ಚಪ್ಪಾಳೆ ತಟ್ಟಿದರು. ಮುಂದಿನ ಸಾಲಿನ ಒಬ್ಬ ಹೆಂಗಸು ಹಿಂದಕ್ಕೆ ತಿರುಗಿ, "ನೋಡ್ದೆ ಕಣೆ ಜಯ, ಎದ್ದು ನಗ್ತಾವ್ನೆ ಮಾರಾಯ. ಸುಮ್ಗೆ ನಿನ್ನ ಅಂದೋ ನಾವು" ಎಂದಳು. ಪಕ್ಕದವಳು ಜಯಮ್ಮನ ಕೈ ಹಿಡಿದುಕೊಂಡಳು. ಜಯಮ್ಮ ಪರದೆಯನ್ನೇ ನೋಡುತ್ತಿದ್ದರು.

ನನಗೆ ಒಂದು ವಿಷಯ ಸರಿಕಾಣಲಿಲ್ಲ. ಅವತ್ತು ಎದ್ದು ಕೂತಾಗ ಗೌಡರ ಮೂಗಿನಲ್ಲಿ ಹತ್ತಿಯಿತ್ತು, ಕೊರಳಲ್ಲಿ ಹಾರವಿತ್ತು. ಪರದೆಯ ಮೇಲೆ ಎರಡೂ ಇರಲಿಲ್ಲ.

ಮಂಟಪದ ವೇದಿಕೆಯ ಪಕ್ಕದಲ್ಲಿ ವಧುವಿನ ಕೋಣೆ. ಆತ ಅಲ್ಲಿ ಲ್ಯಾಪ್‌ಟಾಪ್ ಇಟ್ಟುಕೊಂಡು ಕೂತಿದ್ದ. ಪ್ರೊಜೆಕ್ಟರ್ ನಡೆಸುವವನೂ ಆತನೇ ತಾನೇ. ಹತ್ತಿಯ ವಿಷಯ ಕೇಳಿದೆ. ಸಿಕ್ಕಿಬಿದ್ದವನ ಮುಖ ಮಾಡಲಿಲ್ಲ. ಯಾರಾದರೂ ಕೇಳಲಿ ಎಂದು ಕಾದಿದ್ದವನಂತೆ ಪಕ್ಕಕ್ಕೆ ಸರಿದು ನನಗೆ ಜಾಗ ಕೊಟ್ಟ.

"ಸೂಕ್ಷ್ಮವಾಗಿ ನೋಡ್ತೀರಿ ಸಾರ್ ನೀವು. ಇದು ಅಣ್ಣ ಏಳ್ತಿರೋದಲ್ಲ, ಮಲಗ್ತಿರೋದು. ಫ್ರೇಮ್ ನೋಡಾಕೆ ಅಂತ ಮುಂಚೇನೇ ಕ್ಯಾಮೆರಾ ರೋಲ್ ಮಾಡಿದ್ದೆ, ಅದು ಉಳಿದಿತ್ತು. ಅದನ್ನ ಹಿಂದುಮುಂದಾಗಿ ಓಡಿಸ್ದೆ. ನೋಡಿ, ಊದುಬತ್ತಿ ಹೊಗೆ ಕೆಳಗಿಳೀತೈತೆ. ಅಷ್ಟು ಜನದಲ್ಲಿ ಒಬ್ರೂ ಕಾಣ್ಲಿಲ್ಲ."

ಹೊಗೆ ನಿಜಕ್ಕೂ ಮೇಲಿನಿಂದ ಇಳಿದು ಬಂದು ಊದುಬತ್ತಿಯ ತುದಿಯೊಳಗೆ ಸೇರಿಕೊಳ್ಳುತ್ತಿತ್ತು.

"ಮತ್ತೆ ಅವತ್ತು ಎದ್ದು ನಕ್ಕಿದ್ದು?"

"ಬೆಳಕು ಹೋಗ್ತಿತ್ತು ಸಾರ್, ಬ್ಯಾಟ್ರಿ ಕಡ್ಮೆ ಇತ್ತು. ಇನ್ನೊಂದು ಶಾಟ್ ಬಾಕಿ ಇತ್ತು. ಆ ನಗು ಸಿನಿಮಾಕ್ಕೆ ಬರೋದಲ್ಲವಲ್ಲ."

ಬೇರೆ ಯಾವ ಚಿತ್ರೀಕರಣದಲ್ಲಾದರೂ ಕ್ಯಾಮೆರಾದ ಪಕ್ಕ ಒಬ್ಬ ಸಹಾಯಕ ಇರುತ್ತಾನೆ. ಸಾರ್, ಕೆಂಪು ದೀಪ ಹತ್ತಿಲ್ಲ, ಕ್ಯಾಮೆರಾ ಓಡ್ತಿಲ್ಲ ಎನ್ನುತ್ತಾನೆ. ಇಲ್ಲಿ ಆ ದೀಪವನ್ನು ನೋಡಬಲ್ಲ ಕಣ್ಣು ಆತನದೊಂದೇ. ಪ್ರಶ್ನೆ ಕೇಳುತ್ತಿದ್ದವನನ್ನು ಬಸ್ ಹತ್ತಿಸಿ ಕಳಿಸಿಯಾಗಿತ್ತು. ತಾಯಿಯ ಮೇಲೆ ಆಣೆ ಹಾಕಿದವನು ಓಡದ ಕ್ಯಾಮೆರಾದ ಹಿಂದೆ ನಿಂತು ಓಕೆ, ಸೂಪರ್ ಎಂದಿದ್ದ, ನಾವೆಲ್ಲ ನಂಬಿದ್ದೆವು.

"ಆಯಮ್ಮನಿಗೆ ನಿಜ ಹೇಳು" ಎಂದೆ.

"ಹೇಳಿದ್ರೆ ಅವ್ರಿಗೆ ಏನ್ ಸಿಗ್ತದೆ ಸಾರ್? ಹೊರಗೆ ಹೋಗಿ ನೋಡಿ. ಇಷ್ಟು ದಿನ ಆಡ್ಕೊಂಡೋರು ಈಗ ಕೈ ಹಿಡ್ಕೊಂಡವ್ರೆ. ಇದನ್ನ ಮಾಡಿದ್ದು ಯಾರು? ಎಡಿಟರ್."

ಉತ್ತರ ಹೇಳುವಷ್ಟರಲ್ಲಿ ಬಾಗಿಲಲ್ಲಿ ಜಯಮ್ಮ ನಿಂತಿದ್ದರು, ಹಿಂದೆ ಸವಿತಾ. ಎಷ್ಟು ಕೇಳಿಸಿಕೊಂಡಿದ್ದರೋ ತಿಳಿಯದು. ಆತ ಎದ್ದು ಕೈ ಮುಗಿದ. "ಬನ್ನಿ ಅಮ್ಮ. ಕೊಟ್ಟ ಮಾತು ನಡಸ್ದೆ."

"ಅದು ಅವ್ರು ಏಳ್ತಿರೋದಲ್ಲ ಕಣಪ್ಪ" ಎಂದರು ಜಯಮ್ಮ. ದನಿ ಏರಿರಲಿಲ್ಲ. "ಮದ್ವೆ ಆದಾಗಿಂದ ಅವ್ರು ಮಲಗೋದ್ನೂ ನೋಡಿವ್ನಿ, ಏಳೋದ್ನೂ ನೋಡಿವ್ನಿ. ಎದ್ರೆ ಮೊದ್ಲು ಮಂಡಿ ಇಡ್ಕಂಡು 'ಯವ್ವೋ' ಅನ್ನೋರು. ನಗು ಆಮ್ಯಾಕೆ. ಅಲ್ಲಿ ಮಂಡಿ ಇಡ್ಕಳ್ಳೇ ಇಲ್ಲ."

ಆತ ಲ್ಯಾಪ್‌ಟಾಪ್ ಮುಚ್ಚಿದ.

"ನಗೂನೂ ಅವ್ರದಲ್ಲ. ಯಾರ್ದು?"

ಹಿಂದುಮುಂದಾದ ದನಿ ಕೇಳಲಾಗದೆಂದು ಆತ ತಾನೇ ಮೈಕಿನ ಮುಂದೆ ನಿಂತು ನಕ್ಕು ಸೇರಿಸಿದ್ದ. ಪಂಚಾಯ್ತಿ ಕಟ್ಟೆಯ ಮುದುಕರ ದನಿ ನೆನಪಾಗಿ ಅದು ನನಗೆ ಆಗ ಹೊಳೆಯಿತು. ಸತ್ತವರ ಬಾಯಿಗೆ ತನ್ನ ನಗು ಇಟ್ಟಿದ್ದ.

"ಎದ್ದು ನಕ್ಕಿದ್ದು ಎಲ್ಲಿ?"

"ಕ್ಯಾಮೆರಾಮನ್ ಅವತ್ತು ರೋಲ್ ಮಾಡಿರ್ಲಿಲ್ಲ ಅಮ್ಮ" ಎಂದ ಆತ.

"ಯಾರಪ್ಪ ಅವ್ನು?"

ಹೊರಗೆ ಜನ ಕುರ್ಚಿ ಎಳೆಯುವ ಸದ್ದು. ಕೋಣೆಯ ದೊಡ್ಡ ಕನ್ನಡಿಯಲ್ಲಿ ನಾವು ನಾಲ್ವರೂ ಕಾಣುತ್ತಿದ್ದೆವು. ಆತ ಕನ್ನಡಿಯನ್ನು ಬಿಟ್ಟು ಎಲ್ಲ ಕಡೆ ನೋಡಿದ. ಕೊನೆಗೆ, "ನಾನೇ" ಎಂದ. ಆತನ ಬಾಯಲ್ಲಿ ಆ ಮಾತು, ಮುಂದೆ ಹುದ್ದೆಯ ಹೆಸರಿಲ್ಲದೆ, ನಾನು ಕೇಳಿದ್ದು ಅದೊಂದೇ ಸಲ. ಅದು ಪಶ್ಚಾತ್ತಾಪ ಎಂದು ಬರೆಯಲು ನನಗೆ ಮನಸ್ಸಿಲ್ಲ. ಮರುಕ್ಷಣವೇ ಸೇರಿಸಿದ: "ನಕ್ಕಿದ್ರಲ್ಲ ಅಮ್ಮ, ಎಲ್ರೂ ನೋಡಿದ್ರಲ್ಲ. ಅಷ್ಟೇ ಮುಖ್ಯ."

"ಕ್ಯಾಮೆರಾ ಮುಂದೆ ಸತ್ತೋರು ಕ್ಯಾಮೆರಾ ಮುಂದೆನೇ ಏಳ್ಬೇಕು ಅಂದೋನು ನೀನೇ ಕಣಪ್ಪ. ನಂಗೇನ್ ಗೊತ್ತಿತ್ತು ಇದೆಲ್ಲ."

ಅವರು ಗೋಡೆಗೆ ಒರಗಿ ಕೂತರು. ನಾನು ಹೇಳಿದೆ, ಅವತ್ತು ನಾನಿದ್ದೆ, ಗೌಡರು ಎದ್ದರು, ಮಂಡಿ ಹಿಡಿದೇ ಎದ್ದರು, ಕಾಫಿ ಕೇಳಿದರು. ಜಯಮ್ಮ ತಲೆಯಾಡಿಸಿದರು. ನನ್ನ ಮಾತು ಅವರಿಗೆ ಬೇಕಿರಲಿಲ್ಲ; ಅವರೂ ಅಲ್ಲೇ ಇದ್ದರಲ್ಲ. ಸವಿತಾ, "ಎಲ್ರ ಮುಂದೆ ಹೇಳ್ತೀನಿ ಕಣವ್ವ ಈಗ್ಲೇ" ಎಂದು ಬಾಗಿಲ ಕಡೆ ಹೊರಟಳು. ಜಯಮ್ಮ ಅವಳ ಕೈ ಹಿಡಿದು ನಿಲ್ಲಿಸಿದರು. "ಬುಡು. ಊರೋರ್ಗೆ ಅದೇ ಇರ್ಲಿ. ಅವ್ರ್ ಬಾಯಿ ಮುಚ್ತಲ್ಲ, ಸಾಕು." ಆಮೇಲೆ ಆತನ ಕಡೆ ತಿರುಗಿದರು. "ಅವ್ರು ಮಲಗಿದ್ದು ಐತಲ್ಲ ನಿನ್ತಾವ. ತಿರುಗ್ಸ್‌ಬ್ಯಾಡ, ಏನೂ ಸೇರಿಸ್ಬ್ಯಾಡ. ಎಂಗಿತ್ತೋ ಅಂಗೇ ಕೊಡು."

"ಅದ್ರಲ್ಲಿ ಏನಿಲ್ಲ ಅಮ್ಮ. ಫೋಕಸ್ ಕೂಡ ಸರಿಯಿಲ್ಲ. ಅಲ್ದೆ ಮಲಗೋದನ್ನ ಮನೇಲಿ ಇಟ್ಕೊಳ್ಳೋದು ಒಳ್ಳೇದಲ್ಲ."

"ಒಳ್ಳೇದು ಕೆಟ್ಟದ್ದು ನಿನ್ ಬಾಯಲ್ಲಿ ಇನ್ನ ಬ್ಯಾಡ."

ಆತ ಕೂತು ಹುಡುಕಿದ. ಮೈಸೂರಿನಲ್ಲಿದೆ ಎಂದಿದ್ದ ಹಾರ್ಡ್ ಡಿಸ್ಕ್ ಮೇಜಿನ ಮೇಲೆಯೇ ಇತ್ತು. ಸವಿತಾಳ ಫೋನಿಗೆ ಹಾಕಿಕೊಟ್ಟ. ಕೊಡುತ್ತಲೇ ನನ್ನತ್ತ ಬಗ್ಗಿ, ತಗ್ಗಿದ ದನಿಯಲ್ಲಿ, "ಇದನ್ನ ಬರೀಬೇಡಿ ಸಾರ್. ಚಪ್ಪಾಳೆ ಬಿದ್ದಿದ್ದು ಬರೀರಿ, ಅದು ನಡೆದಿರೋದೇ ತಾನೆ" ಎಂದ.

ತಾಯಿ ಮಗಳು ವಧುವಿನ ಮಂಚದ ಮೇಲೆ ಕೂತು ಫೋನು ನೋಡಿದರು. ಸಣ್ಣ ಪರದೆ, ಮಸುಕು ಚಿತ್ರ. ಗೌಡರು ಚಾಪೆಯ ಮೇಲೆ ಕೂತಿದ್ದಾರೆ. "ಲೇ, ತಲೆದಿಂಬು ಕೊಡ್ರಪ್ಪ, ಎಣಕ್ಕೂ ಕತ್ತು ನೋಯ್ತದೆ" ಎಂದು ಅವರದೇ ದನಿ. ನಕ್ಕರು. ಕ್ಯಾಮೆರಾ ಆಚೆಯಿಂದ ಜಯಮ್ಮನ ದನಿ, "ಸುಮ್ಕೆ ಮಲಕ್ಕಳಿ ಅತ್ಲಾಗೆ, ಕಾಪಿ ಆರೋಯ್ತದೆ" ಎಂದು ಗದರಿತು. ಗೌಡರು ಆ ಕಡೆ ತಿರುಗಿ ನಗುತ್ತಲೇ ಹಿಂದಕ್ಕೆ ಒರಗಿದರು. ಊದುಬತ್ತಿಯ ಹೊಗೆ ಮೇಲಕ್ಕೆ ಹೋಗುತ್ತಿತ್ತು.

"ನಿಲ್ಸು" ಎಂದರು ಜಯಮ್ಮ.

ಸವಿತಾ ನಿಲ್ಲಿಸಿದಳು.

"ಕಣ್ ಮುಚ್ಚಕ್ ಮುಂಚೆ ನಿಲ್ಸೋದು ಎಂಗೆ ಅಂತ ತೋರ್ಸ್‌ಕೊಡು ನಂಗೆ. ನೀನು ನಿನ್ನೂರಿಗೋದ್ರೆ ನಾನೊಬ್ಳೇ ನೋಡ್ಕಬೇಕಲ್ಲ."

ಮಗಳು ತಾಯಿಯ ಹೆಬ್ಬೆರಳನ್ನು ಹಿಡಿದು ಗಾಜಿನ ಮೇಲೆ ಇಟ್ಟಳು. ಮೊದಲ ಸಲ ಜಯಮ್ಮ ತಡ ಮಾಡಿದರು, ಕಣ್ಣು ಮುಚ್ಚಿಹೋಯಿತು. ಮತ್ತೆ ಮೊದಲಿಗೆ ಹೋದರು. ಎರಡನೆಯ ಸಲ ಸರಿಯಾಗಿ ನಿಂತಿತು.